ಕಿಳ್ಳೇಕ್ಯಾತ ಬೇರೆ ಒಲೆ ಹೂಡಿದ

ಬೇಸಿಗೆ ರಜೆಗೆಂದು ಬೆಂಗಳೂರಿನಿಂದ ಮೊಮ್ಮಗ ಬಂದಿದ್ದ. ಏಳು ವರ್ಷದ ಹುಡುಗ. ನಮ್ಮ ಗಂಗಾವತಿಯ ಬಿಸಿಲು ಬೆಳಗಿನ ಹತ್ತು ಗಂಟೆಗೇ ಮಕ್ಕಳನ್ನು ಅಂಗಳಕ್ಕೆ ಇಳಿಯಗೊಡುವುದಿಲ್ಲ. ಹೀಗಾಗಿ ಅವನ ಹಗಲೆಲ್ಲ ಟಿ.ವಿ. ಮುಂದೆಯೇ ಕಳೆಯುತ್ತಿತ್ತು. ಒಂದು ಮಧ್ಯಾಹ್ನ ನಾನು ಅಡುಗೆಮನೆಯಲ್ಲಿ ಶೇಂಗಾ ಹುರಿಯುತ್ತಿದ್ದಾಗ ಪಡಸಾಲೆಯಿಂದ ಅವನ ನಗು ಕೇಳಿ ಬಂತು. ಸಣ್ಣ ನಗುವಲ್ಲ, ಹೊಟ್ಟೆ ಹಿಡಿದುಕೊಂಡು ಉರುಳಾಡುವ ನಗು. ಒಲೆ ಸಣ್ಣ ಮಾಡಿ, ಸೆರಗಿನಲ್ಲಿ ಕೈ ಒರೆಸಿಕೊಳ್ಳುತ್ತ ಹೋಗಿ ನೋಡಿದೆ. ಪರದೆಯ ಮೇಲೆ ನಾಲ್ಕು ಪೆಂಗ್ವಿನ್ ಹಕ್ಕಿಗಳು ಮಿಲಿಟರಿಯವರ ಗತ್ತಿನಲ್ಲಿ ಏನೋ ಸಂಚು ಹೂಡುತ್ತಿದ್ದವು. ಸಂಚು ಕೆಟ್ಟು ನಾಲ್ಕೂ ಒಂದರ ಮೇಲೊಂದು ಬಿದ್ದವು. ನನಗೂ ನಗು ತಡೆಯಲಾಗಲಿಲ್ಲ.

ಮಗಳು ಪಕ್ಕದಲ್ಲಿ ಬಟ್ಟೆ ಮಡಚುತ್ತಿದ್ದಳು. "ಅವ್ವಾ, ಇದು ಮೊದಲ ಸಿನಿಮಾ ಇತ್ತು. ಸಿಂಹ, ಝೀಬ್ರಾ, ಜಿರಾಫೆ, ನೀರಾನೆ, ಇವೇ ನಾಲ್ಕು ಅದರ ಹೀರೋಗಳು. ಈ ಪೆಂಗ್ವಿನ್‌ಗಳು ಅದರಾಗ ನಡುನಡುವೆ ಬಂದು ಹೋಗ್ತಿದ್ವು ಅಷ್ಟ" ಅಂದಳು. ಮೊಮ್ಮಗ ಟಿ.ವಿ.ಯಿಂದ ಕಣ್ಣು ಕೀಳದೆ ಕೇಳಿದ: "ಯಾವ ಸಿಂಹ?"

ಆ ಒಂದು ಪ್ರಶ್ನೆ ನನ್ನ ತಲೆಯಲ್ಲಿ ಬಹಳ ದಿನ ಉಳಿಯಿತು. 'ಮಡಗಾಸ್ಕರ್' ಎಂಬ ಆ ಅಮೆರಿಕದ ಸಿನಿಮಾ ಬಂದದ್ದು 2005ರಲ್ಲಿ. ಪೆಂಗ್ವಿನ್‌ಗಳಿಗೆಂದೇ ಬೇರೆ ಕಾರ್ಟೂನ್ ಧಾರಾವಾಹಿ ಹುಟ್ಟಿದ್ದು 2008ರಲ್ಲಿ. ಅದು ಎಷ್ಟು ಬೆಳೆಯಿತೆಂದರೆ 2014ರಲ್ಲಿ ಆ ಹಕ್ಕಿಗಳನ್ನೇ ನಾಯಕರನ್ನಾಗಿ ಮಾಡಿ ಇನ್ನೊಂದು ಸಿನಿಮಾ ತೆಗೆಯಬೇಕಾಯಿತು. ಇವತ್ತಿನ ಮಗುವಿಗೆ ಸಿಂಹದ ಪರಿಚಯವೇ ಇಲ್ಲ, ಪೆಂಗ್ವಿನ್‌ಗಳು ಮಾತ್ರ ಮನೆಯ ಮಂದಿಯಂತಾಗಿವೆ. ಹಿರಿಯಣ್ಣನ ಮನೆಯಲ್ಲಿ ಮೂಲೆಯಲ್ಲಿ ಕೂತು ಉಣ್ಣುತ್ತಿದ್ದ ಕಿರಿಯ ತಮ್ಮ ಬೇರೆ ಒಲೆ ಹೂಡಿ, ಕಡೆಗೆ ಓಣಿಯವರು ಹಿರಿಯಣ್ಣನನ್ನೇ "ಇಂಥವನ ಅಣ್ಣ" ಎಂದು ಗುರುತಿಸುವ ಹಾಗಾಯಿತಲ್ಲ ಎಂದುಕೊಂಡೆ.

ಹೊಸದೇನಲ್ಲ ಇದು. ತೊಂಬತ್ತರ ದಶಕದಲ್ಲಿ ನನ್ನ ಮಕ್ಕಳು ಸಣ್ಣವರಿದ್ದಾಗ ಭಾನುವಾರ ದೂರದರ್ಶನದಲ್ಲಿ ಹಿಂದಿಗೆ ಡಬ್ ಮಾಡಿದ ಡಿಸ್ನಿ ಕಾರ್ಟೂನ್‌ಗಳು ಬರುತ್ತಿದ್ದವು. ನಿಮ್ಮ ಮನೆಯಲ್ಲಿಯೂ ಮಕ್ಕಳು ಅದಕ್ಕಾಗಿ ತಲೆಸ್ನಾನ ತಪ್ಪಿಸಿಕೊಂಡದ್ದು ನೆನಪಿರಬಹುದು. ಅದರಲ್ಲಿ 'ಟೇಲ್‌ಸ್ಪಿನ್' ಎಂದೊಂದು. ಬಾಲೂ ಎಂಬ ಕರಡಿ ವಿಮಾನ ಹಾರಿಸುತ್ತ ಊರೂರಿಗೆ ಸಾಮಾನು ಸಾಗಿಸುವ ಕಥೆ. ಈ ಬಾಲೂ ಯಾರು? 1967ರ 'ಜಂಗಲ್ ಬುಕ್' ಸಿನಿಮಾದಲ್ಲಿ ಮೋಗ್ಲಿ ಎಂಬ ಹುಡುಗನಿಗೆ ಗೆಳೆಯನಾಗಿದ್ದ ಸೋಮಾರಿ ಕರಡಿ. 1990ರಲ್ಲಿ ಅವನನ್ನು ಕಾಡಿನಿಂದ ಎತ್ತಿ ತಂದು ವಿಮಾನದಲ್ಲಿ ಕೂಡ್ರಿಸಿದರು. ಹೆದರಿಕೆ ಹುಟ್ಟಿಸುತ್ತಿದ್ದ ಹುಲಿ ಶೇರ್ ಖಾನ್ ಕೋಟು ತೊಟ್ಟು ದೊಡ್ಡ ವ್ಯಾಪಾರಿಯಾದ. ಮೋಗ್ಲಿಗೆ ಮಾತ್ರ ಅಲ್ಲಿ ಜಾಗವೇ ಇರಲಿಲ್ಲ. ಅರವತ್ತೈದು ಕಂತುಗಳಲ್ಲಿ ಒಂದರಲ್ಲೂ ಆ ಹುಡುಗನಿಲ್ಲ, ಆದರೂ ಯಾರೂ ಅವನನ್ನು ಹುಡುಕಲಿಲ್ಲ.

ನನಗೆ ಆ ಕಾರ್ಟೂನಿನಲ್ಲಿ ಬಹಳ ಹಿಡಿಸಿದ್ದು ರೆಬೆಕಾ ಎಂಬ ಹೆಣ್ಣು ಕರಡಿ. ಸಣ್ಣ ಮಗಳನ್ನು ಒಬ್ಬಳೇ ಸಾಕುವ ತಾಯಿ. ಬಾಲೂ ಸಾಲ ತೀರಿಸದೆ ಕಳೆದುಕೊಂಡ ವಿಮಾನದ ವ್ಯಾಪಾರವನ್ನು ತಾನು ಕೊಂಡು, ಅವನನ್ನೇ ಕೆಲಸಕ್ಕೆ ಇಟ್ಟುಕೊಂಡು, ಲೆಕ್ಕ ಕೇಳುವವಳು. ಮೂಲ ಸಿನಿಮಾದಲ್ಲಿ ಇಂಥವಳು ಇರಲಿಲ್ಲ, ಇರಲು ಅಲ್ಲಿ ಎಡೆಯೂ ಇರಲಿಲ್ಲ. ಕಾಡಿನ ದೊಡ್ಡ ಕಥೆ ಗಂಡಸರ ಕಥೆ. ಕಥೆ ಕಾಡು ಬಿಟ್ಟು ಅಂಗಡಿ, ಬಾಡಿಗೆ, ಸಾಲ, ಮಗುವಿನ ಹುಟ್ಟುಹಬ್ಬ ಅಂತ ಬಂದಾಗ ಹೆಂಗಸು ತಾನಾಗಿಯೇ ಒಳಗೆ ಬಂದಳು. ಇದನ್ನು ಯಾಕೆ ಹೇಳುತ್ತಿದ್ದೇನೆಂದರೆ, ಇದೇ ಸಂಗತಿ ನಮ್ಮ ಸೀಮೆಯಲ್ಲಿ ಬಹಳ ಹಿಂದೆಯೇ ನಡೆದುಹೋಗಿತ್ತು. ನಾನು ಅದನ್ನು ಹತ್ತು ವರ್ಷದವಳಿದ್ದಾಗ ಕಣ್ಣಾರೆ ನೋಡಿದ್ದೆ. ನೋಡಿಯೂ ತಿಳಿದಿರಲಿಲ್ಲ.

ನನ್ನ ತವರು ಯಲಬುರ್ಗಾ ತಾಲೂಕಿನ ಒಂದು ಸಣ್ಣ ಊರು. ಆಗಿನ್ನೂ ನಮ್ಮದು ರಾಯಚೂರು ಜಿಲ್ಲೆ. ಕೊಪ್ಪಳ ಜಿಲ್ಲೆಯಾದದ್ದು 1997ರಲ್ಲಿ. 1948ರ ತನಕ ಈ ಭಾಗ ನಿಜಾಮರ ಆಳ್ವಿಕೆಯಲ್ಲಿತ್ತು. ತುಂಗಭದ್ರೆಗೆ ಮುನಿರಾಬಾದಿನಲ್ಲಿ ಅಣೆಕಟ್ಟು ಎದ್ದು 1953ರಲ್ಲಿ ಮುಗಿದ ಮೇಲೆ ಗಂಗಾವತಿ ಕಡೆಯವರು ಕಾಲುವೆ ನೀರಲ್ಲಿ ಭತ್ತ ಬೆಳೆದು ಅನ್ನ ಉಂಡರು. ಕುಷ್ಟಗಿ, ಯಲಬುರ್ಗಾದ ನಾವು ಮಾತ್ರ ಮುಗಿಲು ನೋಡುತ್ತಲೇ ಉಳಿದೆವು. 1965ರಲ್ಲಿ ಮಳೆ ಪೂರಾ ಕೈಕೊಟ್ಟಿತು. ಜೋಳದ ಹೊಲ ಮೊಳಕೆಯಲ್ಲೇ ಸುಟ್ಟುಹೋಯಿತು. ಕಪ್ಪೆ ಮೆರವಣಿಗೆಯಾಯಿತು, ಗುರ್ಚಿ ಹೊತ್ತು ಮನೆಮನೆಗೆ ತಿರುಗಿದ್ದಾಯಿತು. ಕಡೆಗೆ ಊರ ಹಿರಿಯರು ಗೊಂಬೆ ಆಡಿಸೋಣವೆಂದರು. ತೊಗಲುಗೊಂಬೆ ಆಡಿಸಿದರೆ ಮಳೆಯಾಗುತ್ತದೆಂಬ ನಂಬಿಕೆ ನಮ್ಮ ಕಡೆ ಮಾತ್ರವಲ್ಲ, ಕರ್ನಾಟಕದ ಅನೇಕ ಭಾಗಗಳಲ್ಲಿತ್ತು. ದನಕ್ಕೆ ರೋಗ ಬಂದರೂ ಆಡಿಸುತ್ತಿದ್ದರು.

ಅಗಸಿಯ ಹತ್ತಿರ ನಾಲ್ಕು ಗಳ ನೆಟ್ಟು, ಮೂರು ಕಡೆ ಕಂಬಳಿ ಮುಚ್ಚಿ, ಮುಂದೆ ಬಿಳಿಯ ಧೋತರ ಬಿಗಿದು ಕಟ್ಟಿದರು. ಹಿಂದುಗಡೆ ದೀಪ. ದೀಪಕ್ಕೂ ಬಟ್ಟೆಗೂ ನಡುವೆ ಗೊಂಬೆ. ಆಡಿನ ತೊಗಲನ್ನು ಬೆಳಕು ಹಾಯುವಷ್ಟು ತೆಳ್ಳಗೆ ಹದ ಮಾಡಿ, ಕೊರೆದು, ತೂತು ಹಾಕಿ, ಕೆಂಪು ಹಸಿರು ಕಪ್ಪು ಬಣ್ಣ ಹಚ್ಚಿದ ಗೊಂಬೆಗಳು. ತೂತುಗಳಲ್ಲಿ ಬೆಳಕು ತೂರಿ ಬಂದಾಗ ಸೀತೆಯ ಮೈಮೇಲೆ ಮುತ್ತು ಪೋಣಿಸಿಟ್ಟಂತೆ ಕಾಣುತ್ತಿತ್ತು. ಮೊದಲು ಗಣಪತಿ ಬಂದ, ಸರಸ್ವತಿ ಬಂದಳು. ಆಮೇಲೆ ಒಮ್ಮೆಲೇ ಹಲಗೆಯ ಮೇಲೆ ಕಾಲು ಬಡಿದ ಸದ್ದು. ಮಲಗಿದ್ದ ಕೂಸುಗಳೆಲ್ಲ ಎದ್ದು ಕೂತವು. ಕರೀ ಮೈ, ಕೆದರಿದ ಗುಂಗುರು ಕೂದಲು, ದಪ್ಪ ತುಟಿ, ಡೊಳ್ಳು ಹೊಟ್ಟೆಯ ಒಬ್ಬ ಧೋತರದ ತುಂಬ ಕುಣಿಯುತ್ತ ಬಂದ. ಅವನೇ ಕಿಳ್ಳೇಕ್ಯಾತ. ನಮ್ಮ ಸೀಮೆಯಲ್ಲಿ ಶಿಳ್ಳೇಕ್ಯಾತ ಎಂದೂ ಅನ್ನುತ್ತಾರೆ.

ಆ ರಾತ್ರಿ ಆಡಿದ್ದು ರಾಮಾಯಣ. ರಾಮಾಯಣದ ಕಿಷ್ಕಿಂಧೆ ನಮ್ಮ ಗಂಗಾವತಿ ತಾಲೂಕಿನ ಆನೆಗೊಂದಿಯೇ ಎಂಬುದು ಇಲ್ಲಿಯವರ ನಂಬಿಕೆ. ಅಂಜನಾದ್ರಿ, ಪಂಪಾ ಸರೋವರ ಎಲ್ಲ ಅಲ್ಲಿಯೇ ಇವೆ. ಹಾಗಾಗಿ ರಾಮಾಯಣ ನಮಗೆ ದೂರದ ಕಥೆಯಲ್ಲ, ಪಕ್ಕದ ಊರಿನ ಸುದ್ದಿ. ಆದರೂ ಆ ರಾತ್ರಿ ರಾಮ ಏನು ಮಾತಾಡಿದ ಎಂದು ಕೇಳಿದರೆ ನನಗೆ ಒಂದಕ್ಷರ ನೆನಪಿಲ್ಲ. ಕಿಳ್ಳೇಕ್ಯಾತನ ಮಾತು ಮಾತ್ರ ಅರವತ್ತು ವರ್ಷದ ಮೇಲೂ ಕಿವಿಯಲ್ಲಿದೆ. ಸಮುದ್ರಕ್ಕೆ ಸೇತುವೆ ಕಟ್ಟುವುದು ಹೇಗೆಂದು ಕಪಿಗಳು ಚಿಂತೆಯಲ್ಲಿ ಕೂತಾಗ ಇವನು ನಡುವೆ ನುಗ್ಗಿ, "ಅದಕ್ಯಾಕ ಇಷ್ಟ ಚಿಂತೀ ಮಾಡ್ತೀರ್ರಿ? ಮುನಿರಾಬಾದಿನಾಗ ಡ್ಯಾಮ್ ಕಟ್ಟಿದ ಗುತ್ತೇದಾರನ್ನ ಕರಸ್ರಿ. ಕಲ್ಲು ತೇಲಿಸ್ತಾನೋ ಇಲ್ಲೋ ಗೊತ್ತಿಲ್ಲ, ಬಿಲ್ಲಂತೂ ತೇಲಿಸ್ತಾನ" ಅಂದ. ಜನ ಕೇಕೆ ಹಾಕಿದರು. ನನ್ನಪ್ಪ ಅಷ್ಟು ನಕ್ಕದ್ದನ್ನು ಆ ಬರಗಾಲದ ವರ್ಷದಲ್ಲಿ ನಾನು ಇನ್ನೊಮ್ಮೆ ನೋಡಲಿಲ್ಲ.

ಹೆಂಗಸರ ಕಡೆಯಿಂದ ನಗು ಎದ್ದದ್ದು ಅವನ ಹೆಂಡತಿ ಬಂಗಾರಕ್ಕ ಬಂದಾಗ. ಊರೆಲ್ಲ ತಿರುಗಿ ಬರಿಗೈಯಲ್ಲಿ ಮನೆಗೆ ಬಂದ ಗಂಡ, "ಇವತ್ತ ರಾಮನ ಕತಿ ಕೇಳಿ ಬಂದೀನಿ, ಪುಣ್ಯ ತಂದೀನಿ" ಅನ್ನುತ್ತಾನೆ. ಬಂಗಾರಕ್ಕ ಸೊಂಟದ ಮೇಲೆ ಕೈಯಿಟ್ಟು, "ಹೌದಾ? ಹಂಗಾದ್ರ ರಾಮನ ಕತೀನ ಬೀಸ್ಲೇನು? ಪುಣ್ಯ ನಾದಿ ರೊಟ್ಟಿ ಬಡೀಲೇನು?" ಅಂದಳು. ನನ್ನ ಅವ್ವ, ದೊಡ್ಡವ್ವ, ಎದುರು ಮನೆಯ ಹಿರಿಯ ಮುತ್ತೈದೆ ಎಲ್ಲರೂ ಸೆರಗು ಬಾಯಿಗೆ ಒತ್ತಿಕೊಂಡು ನಕ್ಕರು. ಮನೆಯಲ್ಲಿ ಗಂಡಂದಿರ ಎದುರು ಒಂದು ದಿನವೂ ಆಡಲಾರದ ಮಾತನ್ನು ಬಂಗಾರಕ್ಕ ಊರ ನಡುವೆ, ದೇವರ ಕಥೆಯ ನಡುವೆ ಆಡಿಬಿಟ್ಟಿದ್ದಳು. ಮುಂದೆ ಎಷ್ಟೋ ವರ್ಷ ನಮ್ಮವ್ವ ಹಿಟ್ಟಿನ ಡಬ್ಬಿ ಬರಿದಾದಾಗಲೆಲ್ಲ "ರಾಮನ ಕತಿ ಬೀಸ್ಲೇನು?" ಅನ್ನುತ್ತಿದ್ದಳು. ನಮ್ಮಪ್ಪ ಸುಮ್ಮನೆ ಚೀಲ ಹಿಡಿದು ಹೊರಡುತ್ತಿದ್ದರು.

ಈ ಕಿಳ್ಳೇಕ್ಯಾತ ವಾಲ್ಮೀಕಿಯಲ್ಲಿಲ್ಲ, ವ್ಯಾಸರಲ್ಲಿಲ್ಲ. ಹಾಗಾದರೆ ಅವನು ಬಂದದ್ದು ಎಲ್ಲಿಂದ? ಆಟದ ಒಳಗಿನ ಕಷ್ಟಗಳನ್ನು ನೋಡಿದರೆ ಅದು ಸ್ವಲ್ಪ ತಿಳಿಯುತ್ತದೆ. ಪರದೆಯ ಹಿಂದೆ ಇರುವುದು ಒಂದೇ ಕುಟುಂಬ. ಅಪ್ಪ ಗೊಂಬೆ ಹಿಡಿದರೆ ಅವ್ವ ಹಾಡು, ಹೆಣ್ಣುಪಾತ್ರದ ಮಾತು. ಮಕ್ಕಳು ತಾಳ, ಮದ್ದಲೆ. ಒಂದು ಪ್ರಸಂಗ ಮುಗಿದು ಇನ್ನೊಂದಕ್ಕೆ ಗೊಂಬೆ ಬದಲಿಸಬೇಕು, ದೀಪಕ್ಕೆ ಎಣ್ಣೆ ಹಾಕಬೇಕು, ಹಾಡಿದ ಗಂಟಲಿಗೆ ಒಂದು ಗುಟುಕು ನೀರು ಬೇಕು. ಅಷ್ಟು ಹೊತ್ತು ಪರದೆ ಬರಿದಾದರೆ ಜನ ಎದ್ದು ಹೋಗುತ್ತಾರೆ. ಆ ಬಿಡುವನ್ನು ತುಂಬುವುದು ಕಿಳ್ಳೇಕ್ಯಾತನ ಕೆಲಸ. ಅಂದರೆ ಹಬ್ಬದ ಅಡುಗೆಯ ನಡುವೆ ಮಕ್ಕಳ ಬಾಯಿಗೆ ಹಾಕುವ ಕುರುಕಲಿನಂತೆ. ಆದರೆ ಮಕ್ಕಳಿಗೆ ನೆನಪಿರುವುದು ಹೋಳಿಗೆಗಿಂತ ಕುರುಕಲೇ ಅಲ್ಲವೆ?

ಇನ್ನೂ ಒಂದಿದೆ. ರಾಮ, ರಾವಣ, ಧರ್ಮರಾಯರಂಥ ದೊಡ್ಡ ಗೊಂಬೆಗಳು ಬಹುಮಟ್ಟಿಗೆ ನಿಂತಲ್ಲೇ ನಿಲ್ಲುವಂಥವು. ಒಂದು ಕೈ ಆಡಿದರೆ ಹೆಚ್ಚು. ಕಿಳ್ಳೇಕ್ಯಾತನಿಗೆ ಕುತ್ತಿಗೆ, ಕೈ, ಕಾಲು ಎಲ್ಲಕ್ಕೂ ಕೀಲು. ದೇವರಿಗೆ ಗಾಂಭೀರ್ಯ ಬೇಕು, ಆದ್ದರಿಂದ ಅವನು ಅಲುಗಾಡಲಾರ. ಇವನಿಗೆ ಮರ್ಯಾದೆಯ ಭಾರವಿಲ್ಲ, ಹೇಗೆ ಬೇಕಾದರೂ ಕುಣಿಯಬಹುದು. ಮಾತಿನಲ್ಲಿಯೂ ಹಾಗೆಯೇ. ರಾಮ ಪುಸ್ತಕದ ಕನ್ನಡ ಆಡಬೇಕು, ಹಾಡಿನಲ್ಲಿ ಬಂದ ಕಥೆ ಬಿಟ್ಟು ಆಚೆ ಹೋಗುವಂತಿಲ್ಲ. ಕಿಳ್ಳೇಕ್ಯಾತ ಯಾವ ಊರಿಗೆ ಹೋದರೆ ಆ ಊರಿನ ಮಾತು. ಅಲ್ಲಿಯ ಗೌಡ, ಶಾನುಭೋಗ, ಸಾಲ ಕೊಡುವ ಸಾಹುಕಾರ, ಬಾರದ ಮಳೆ ಎಲ್ಲವೂ ಅವನ ಬಾಯಿಗೆ ಬೀಳುತ್ತಿದ್ದವು. ಮುಖ್ಯವಾಗಿ, ರಾಮನ ಕಥೆಗೆ ಕೊನೆಯಿದೆ. ರಾವಣ ಸತ್ತ, ಪಟ್ಟಾಭಿಷೇಕವಾಯಿತು, ಮಂಗಳ ಹಾಡಿದರು. ಕಿಳ್ಳೇಕ್ಯಾತ ಮತ್ತು ಬಂಗಾರಕ್ಕನ ಜಗಳಕ್ಕೆ ಕೊನೆ ಎಲ್ಲಿ? ನಾಳೆ ಬೆಳಗಾದರೆ ಮತ್ತೆ ಹಿಟ್ಟು ಬೇಕು. ಪೆಂಗ್ವಿನ್ನಾಗಲಿ ಬಾಲೂ ಕರಡಿಯಾಗಲಿ ಮೂಲದ ಕಥೆಗಿಂತ ಉದ್ದ ಬೆಳೆದದ್ದು ಇದೇ ಕಾರಣಕ್ಕೆ. ವೀರನಿಗೆ ಒಂದು ಗುರಿ, ಗುರಿ ಮುಟ್ಟಿದರೆ ಅವನ ಕೆಲಸ ಮುಗಿಯಿತು. ಹಾಸ್ಯದವನಿಗೆ ಒಂದು ಸ್ವಭಾವ, ಅದು ದಿನಾ ಹೊಸ ಪೇಚಿಗೆ ಸಿಕ್ಕಿಸುತ್ತದೆ.

ನಮ್ಮಲ್ಲಷ್ಟೇ ಅಲ್ಲ, ಆಂಧ್ರದ ತೊಗಲುಗೊಂಬೆಯಾಟದಲ್ಲಿ ಕೇತಿಗಾಡು ಇದ್ದಾನೆ, ಜುಟ್ಟುಪೋಲಿಗಾಡು ಇದ್ದಾನೆ, ಬಂಗಾರಕ್ಕ ಅದೇ ಹೆಸರಿನಿಂದ ಅಲ್ಲಿಯೂ ಇದ್ದಾಳೆ. ಇಂಡೋನೇಷ್ಯಾದ ಜಾವಾ ದ್ವೀಪದಲ್ಲಿ ಮಹಾಭಾರತವನ್ನು ತೊಗಲುಗೊಂಬೆಗಳಲ್ಲಿ ಆಡುವಾಗ ಸೇಮಾರ್ ಎಂಬ ಡೊಳ್ಳು ಹೊಟ್ಟೆಯ ಮುದುಕನೂ ಅವನ ಮೂವರು ಮಕ್ಕಳೂ ಬರುತ್ತಾರೆ. ಅವರು ಮೂಲ ಭಾರತದಲ್ಲಿಲ್ಲ. ಪಾಂಡವರ ಆಳಾಗಿ ಬಂದ ಸೇಮಾರ್ ವಾಸ್ತವವಾಗಿ ದೇವರಿಗಿಂತ ದೊಡ್ಡ ದೇವರು ಎಂದು ಅಲ್ಲಿಯವರು ನಂಬುವಷ್ಟು ಅವನು ಬೆಳೆದುಬಿಟ್ಟ. ತುರ್ಕಿಯಲ್ಲಂತೂ ಇಡೀ ನೆರಳಾಟಕ್ಕೇ ಅದರ ವಿದೂಷಕ ಕಾರಾಗೋಝನ ಹೆಸರು. ನಮ್ಮ ದೊಡ್ಡಾಟದ ಸಾರಥಿಯನ್ನೇ ನೆನೆಸಿಕೊಳ್ಳಿ. ಹೆಸರಿಗೆ ಸಾರಥಿ, ಆದರೆ ರಾಜರನ್ನೆಲ್ಲ ಕೆಣಕಿ ಮಾತಾಡಿಸುವವನು ಅವನೇ.

ಆದರೆ ನಮ್ಮ ಕಿಳ್ಳೇಕ್ಯಾತ ಬೆಳೆದಷ್ಟು ಇವರಾರೂ ಬೆಳೆಯಲಿಲ್ಲ. ಆಟಕ್ಕೆ 'ಕಿಳ್ಳೇಕ್ಯಾತರ ಆಟ' ಎಂದು ಹೆಸರಾಯಿತು. ಅಲ್ಲಿಗೂ ನಿಲ್ಲಲಿಲ್ಲ, ಆಡಿಸುವ ಜನರಿಗೂ ಅದೇ ಹೆಸರಾಯಿತು. ಮನೆಯಲ್ಲಿ ಮರಾಠಿಯ ಒಂದು ರೂಪವನ್ನು ಆಡುತ್ತ, ಹಗಲು ಹೊಳೆ ಕೆರೆಗಳಲ್ಲಿ ಮೀನು ಹಿಡಿದು, ರಾತ್ರಿ ಕನ್ನಡದಲ್ಲಿ ಊರನ್ನು ನಗಿಸುತ್ತಿದ್ದ ಜನ ಅವರು. ಇವತ್ತಿಗೂ ಕರ್ನಾಟಕದ ಪರಿಶಿಷ್ಟ ಜಾತಿಗಳ ಪಟ್ಟಿಯಲ್ಲಿ 'ಸಿಳ್ಳೇಕ್ಯಾತ' ಎಂದೇ ಇದೆ. ಒಂದು ಗೊಂಬೆಯ ಹೆಸರು ಸರಕಾರದ ಪ್ರಮಾಣಪತ್ರದಲ್ಲಿ ಒಂದು ಜನಾಂಗದ ಹೆಸರಾಗಿ ಮುದ್ರೆ ಒತ್ತಿಸಿಕೊಂಡದ್ದು ಲೋಕದಲ್ಲಿ ಬೇರೆಲ್ಲಿ ನಡೆದಿದೆಯೋ ನಾನು ಕಾಣೆ.

ಇಲ್ಲಿಗೆ ಬಂದಾಗ ನನ್ನ ಲೇಖನಿ ತಡವರಿಸುತ್ತದೆ. ಆ ಗೊಂಬೆಯಾಟದವರ ಕುಟುಂಬ ಕೆಲವು ತಿಂಗಳು ನಮ್ಮೂರ ಹೊರಗೆ ಬಿಡಾರ ಹೂಡಿತ್ತು. ಅವರ ಮಗಳೊಬ್ಬಳು ನಮ್ಮ ಶಾಲೆಗೆ ಬರತೊಡಗಿದಳು. ನನ್ನದೇ ವಯಸ್ಸು. ಕಡೆಯ ಸಾಲಿನಲ್ಲಿ ಬಾಗಿಲ ಪಕ್ಕ ಕೂರುತ್ತಿದ್ದಳು. ದನಿ ಬಲು ಚೆಂದ, ಗುಣಾಕಾರದ ಮಗ್ಗಿಯನ್ನು ಸಹ ಹಾಡಿನ ಹಾಗೆ ಹೇಳುತ್ತಿದ್ದಳು. ಒಂದು ದಿನ ಅವಳು ಮಗ್ಗಿ ಹೇಳುವಾಗ ತಪ್ಪಿದಳು. ನಾನು ಎಲ್ಲರಿಗೂ ಕೇಳುವಂತೆ, "ಏ ಕಿಳ್ಳೇಕ್ಯಾತಿ" ಅಂದೆ. ನಮ್ಮ ಮನೆಗಳಲ್ಲಿ ಅದು ದಿನಬಳಕೆಯ ಬೈಗಳು. ತಲೆ ಬಾಚಿಕೊಳ್ಳದ ಹುಡುಗಿಗೆ, ಮಂಗಾಟ ಮಾಡುವ ಹುಡುಗನಿಗೆ ಹಿರಿಯರು ಅನ್ನುತ್ತಿದ್ದ ಮಾತು. ತರಗತಿಯೆಲ್ಲ ನಕ್ಕಿತು. ಪಾಠ ಹೇಳುತ್ತಿದ್ದವರೂ ನಕ್ಕರು. ಅವಳು ನಗಲಿಲ್ಲ, ಅಳಲೂ ಇಲ್ಲ. ಮಗ್ಗಿಯನ್ನು ಮೊದಲಿನಿಂದ ಪೂರ್ತಿ, ಸರಿಯಾಗಿ ಹೇಳಿ ಕೂತಳು. ಮರುದಿನದಿಂದ ಬರಲಿಲ್ಲ. ಹದಿನೈದು ದಿನ ಹಿಂದೆ ಅವಳ ಅವ್ವನ ದನಿಯಲ್ಲಿ ಬಂಗಾರಕ್ಕನ ಮಾತು ಕೇಳಿ ಚಪ್ಪಾಳೆ ತಟ್ಟಿದವಳು ನಾನೇ.

ದೊಡ್ಡವಳಾಗುತ್ತ ಹೋದ ಹಾಗೆ ಗೊಂಬೆಯಾಟ ಕಾಣುವುದೇ ಅಪರೂಪವಾಯಿತು. ಟೂರಿಂಗ್ ಟಾಕೀಸು ಬಂತು, ರೇಡಿಯೋ ಬಂತು. 1987ರ ಜನವರಿಯಲ್ಲಿ ದೂರದರ್ಶನದಲ್ಲಿ ರಾಮಾಯಣ ಶುರುವಾಯಿತು, ಅದರ ಬೆನ್ನಿಗೆ 1988ರಲ್ಲಿ ಮಹಾಭಾರತ. ಆಗ ನಾನು ಮದುವೆಯಾಗಿ ಗಂಗಾವತಿಗೆ ಬಂದಿದ್ದೆ. ಭಾನುವಾರ ಮುಂಜಾನೆ ಓಣಿಯವರೆಲ್ಲ ಟಿ.ವಿ. ಇದ್ದವರ ಮನೆಯಲ್ಲಿ ಸೇರುತ್ತಿದ್ದೆವು. ಕೆಲವರು ಚಪ್ಪಲಿ ಬಿಟ್ಟು, ಊದಿನಕಡ್ಡಿ ಹಚ್ಚಿ ಕೂಡುತ್ತಿದ್ದರು. ಎಲ್ಲವೂ ಇತ್ತು: ರಥ, ಬಾಣ, ಕಿರೀಟ. ಆದರೆ ಒಮ್ಮೆಯೂ ಹೊಟ್ಟೆತುಂಬ ನಗಲಿಲ್ಲ. ಟಿ.ವಿ. ರಾಮನನ್ನು ತೆಗೆದುಕೊಂಡಿತು, ಕಿಳ್ಳೇಕ್ಯಾತನನ್ನು ಹೊರಗೇ ಬಿಟ್ಟಿತು. ಇಡೀ ದೇಶಕ್ಕೆ ಒಂದೇ ಕಥೆ ತೋರಿಸುವಾಗ ಯಾವ ಊರಿನ ಗುತ್ತೇದಾರನ ಹೆಸರು ಹೇಳಿ ನಗಿಸಲಾದೀತು?

ಪೆಟ್ಟಿಗೆಗಟ್ಟಲೆ ಗೊಂಬೆಗಳು ಆ ಕಾಲದಲ್ಲಿ ಬಂದ ಬೆಲೆಗೆ ಮಾರಿಹೋದವು. ಉಳಿಸಬೇಕೆಂದು ಓಡಾಡಿದವರೂ ಇದ್ದರು. ಬೆಂಗಳೂರಿನ ಚಿತ್ರಕಲಾ ಪರಿಷತ್ತಿನ ಎಂ.ಎಸ್. ನಂಜುಂಡರಾವ್ ಊರೂರು ತಿರುಗಿ ತೊಗಲುಗೊಂಬೆಗಳನ್ನು ಕೂಡಿಹಾಕಿದರು. ಅವು ಇಂದಿಗೂ ಅಲ್ಲಿಯ ಸಂಗ್ರಹಾಲಯದಲ್ಲಿವೆ. ಪಕ್ಕದ ಬಳ್ಳಾರಿಯ ಬೆಳಗಲ್ಲು ವೀರಣ್ಣನವರು ಇದೇ ಸಮುದಾಯದವರು. ನಾಟಕದ ನಟರಾಗಿದ್ದವರು ತೊಗಲುಗೊಂಬೆಗೆ ಮರಳಿ, ಸ್ವಾತಂತ್ರ್ಯ ಹೋರಾಟದ ಕಥೆಯನ್ನೂ ಗಾಂಧೀಜಿಯ ಕಥೆಯನ್ನೂ ಆಡಿಸಿದರು. 2023ರಲ್ಲಿ ರಸ್ತೆ ಅಪಘಾತದಲ್ಲಿ ತೀರಿಕೊಳ್ಳುವ ತನಕ ಅವರು ಆಟ ಬಿಡಲಿಲ್ಲ. ರಾಮಾಯಣ, ಮಹಾಭಾರತ ಬಿಟ್ಟರೆ ಗೊಂಬೆಯಾಟವಿಲ್ಲ ಎಂಬ ಕಾಲ ಹಾಗೆ ದಾಟಿಹೋಯಿತು. ಸಾಕ್ಷರತೆ, ಕುಟುಂಬ ಯೋಜನೆ ಮುಂತಾದ ಸರಕಾರದ ಪ್ರಚಾರಕ್ಕೂ ಗೊಂಬೆಯಾಟವನ್ನು ಬಳಸಿದರು. ಅಂಥಲ್ಲಿ ರಾಮನಿಗೆ ಕೆಲಸವಿಲ್ಲ, ಹಳ್ಳಿಯ ಮಾತು ಬಲ್ಲ ಹಾಸ್ಯದವನಿಗೇ ಕೆಲಸ.

ಇನ್ನು ನಮ್ಮ ಕೊಪ್ಪಳದ ಮಾತು. ಕೊಪ್ಪಳ ತಾಲೂಕಿನ ಮೋರನಾಳ ಎಂಬ ಹಳ್ಳಿಯ ಭೀಮವ್ವ ದೊಡ್ಡಬಾಳಪ್ಪ ಶಿಳ್ಳೇಕ್ಯಾತರ ಅವರಿಗೆ 2025ರಲ್ಲಿ ಪದ್ಮಶ್ರೀ ಬಂತು. ಆಗ ಅವರಿಗೆ ತೊಂಬತ್ತಾರು ವರ್ಷ. ಎಪ್ಪತ್ತು ವರ್ಷಕ್ಕೂ ಮೇಲ್ಪಟ್ಟು ಗೊಂಬೆ ಆಡಿಸಿಕೊಂಡು ಬಂದವರು. ಊರ ಅಗಸಿಯಿಂದ ಹಿಡಿದು ಅಮೆರಿಕ, ಫ್ರಾನ್ಸ್, ಇಟಲಿಯವರೆಗೂ ಆ ಬಿಳಿಯ ಬಟ್ಟೆ ಕಟ್ಟಿದವರು. ಪತ್ರಿಕೆಯಲ್ಲಿ ಅವರ ಚಿತ್ರ ನೋಡಿದಾಗ ನನ್ನ ಕಣ್ಣು ಹೋದದ್ದು ಪದಕದ ಮೇಲಲ್ಲ, ಚಿತ್ರದ ಕೆಳಗಿನ ಹೆಸರಿನ ಮೇಲೆ. ನಾನು ತರಗತಿಯಲ್ಲಿ ಬೈಗುಳವಾಗಿ ಎಸೆದಿದ್ದ ಹೆಸರು ಅಲ್ಲಿ ಅಡ್ಡಹೆಸರಾಗಿ, ಗೌರವದಿಂದ, ಪೂರ್ತಿ ಅಚ್ಚಾಗಿತ್ತು. ಗೊಂಬೆಯಾಟದ ಚರಿತ್ರೆ ಬರೆಯುವಾಗ ಗಂಡಸರ ಹೆಸರೇ ಹೆಚ್ಚು ಬರುತ್ತವೆ. ಆದರೆ ಪರದೆಯ ಹಿಂದೆ ಕೂತು, ತೊಡೆಯ ಮೇಲೆ ಕೂಸು ಹಾಕಿಕೊಂಡು, ಸೀತೆಯಾಗಿ ಅತ್ತು ಬಂಗಾರಕ್ಕನಾಗಿ ಬೈದ ಹೆಂಗಸರು ಎಷ್ಟು ಜನರೋ! ಅವರೆಲ್ಲರ ಪರವಾಗಿ ಒಬ್ಬ ಭೀಮವ್ವ ದಿಲ್ಲಿಗೆ ಹೋಗಿ ಬಂದರು ಅನ್ನಿಸಿತು.

ನನ್ನ ಆ ಸಹಪಾಠಿ ನನಗೆ ಮತ್ತೆ ಸಿಕ್ಕಳು. 2019ರ ಜನವರಿ, ಕೊಪ್ಪಳದ ಗವಿಮಠದ ಜಾತ್ರೆ. ರಥಬೀದಿಯ ಅಂಚಿನಲ್ಲಿ ಪ್ಲಾಸ್ಟಿಕ್ ಸಾಮಾನು ಹರಡಿಕೊಂಡು ಕೂತಿದ್ದಳು. ಒಂದು ಜರಡಿ ಕೊಳ್ಳಲು ಬಗ್ಗಿದೆ. ಬೆಲೆ ಹೇಳಿದ ಆ ದನಿಯಲ್ಲಿ ಏನೋ ಇತ್ತು. ಊರು ಕೇಳಿದೆ, ಶಾಲೆಯ ಮಾತು ತೆಗೆದೆ. ಅವಳೇ ನನ್ನನ್ನು ಗುರುತು ಹಿಡಿದು, "ಶಾನುಭೋಗರ ಓಣಿಯಾಕಿ ಅಲ್ಲೇನವಾ ನೀನು?" ಅಂದಳು. ಜರಡಿ ಕೈಯಲ್ಲಿ ಹಿಡಿದೇ ಅವಳ ಪಕ್ಕ ಚೀಲದ ಮೇಲೆ ಕೂತೆ. ಮಕ್ಕಳು, ಮೊಮ್ಮಕ್ಕಳು, ಮಂಡಿನೋವು ಎಲ್ಲ ಮಾತಾಯಿತು. ಗೊಂಬೆ ಏನಾದವು ಎಂದು ಕೇಳಿದೆ. "ಅಣ್ಣ ಮಾರಿದ. ಒಂದು ಮಾತ್ರ ನಾ ಕೊಡಲಿಲ್ಲ. ಬಂಗಾರಕ್ಕನ್ನ ಟ್ರಂಕಿನಾಗ ಇಟಗೊಂಡೀನಿ" ಅಂದಳು.

ಕಡೆಗೆ ಧೈರ್ಯ ಮಾಡಿ, "ಅವತ್ತು ಸಾಲ್ಯಾಗ ನಾ ಅಂದದ್ದು ತಪ್ಪಾತವಾ" ಅಂದೆ. ಅವಳು ಸ್ವಲ್ಪ ಹೊತ್ತು ಜಾತ್ರೆಯ ಕಡೆ ನೋಡುತ್ತ ಕೂತಿದ್ದಳು. ಆಮೇಲೆ ಅಂದಳು: "ಹೆಸರಿಗೆ ಏನಾಗೇತವಾ? ಮಂದೀನ ನಗಿಸಿದಾಂವನ ಹೆಸರು ಅದು. ನಮ್ಮಪ್ಪ ದಿನಾ ಕೈ ಮುಗದು ಎತ್ತಿಕೊಳ್ತಿದ್ದ ಅವನ್ನ. ನೀ ಅಂದ ದನಿ ಕೆಟ್ಟದಿತ್ತು, ಅಷ್ಟ." ಎಂದವಳೇ ಜರಡಿಯ ಬೆಲೆಯಲ್ಲಿ ಐದು ರೂಪಾಯಿ ಬಿಟ್ಟಳು. ನಾನು ಬೇಡವೆಂದರೂ ಕೇಳಲಿಲ್ಲ.

ಪೆಂಗ್ವಿನ್‌ಗಳಿಗೆ, ಬಾಲೂವಿಗೆ ಒಡೆಯರಿದ್ದಾರೆ. ಆ ಗೊಂಬೆಗಳು ಬೆಳೆದಷ್ಟೂ ಒಡೆಯರ ಪೆಟ್ಟಿಗೆ ತುಂಬಿತು. ಅಂಗಿಯ ಮೇಲೆ, ಊಟದ ಡಬ್ಬಿಯ ಮೇಲೆ ಅವುಗಳ ಚಿತ್ರ ಹಾಕಿದರೂ ಹಣ ಸಲ್ಲುತ್ತದೆ. ಕಿಳ್ಳೇಕ್ಯಾತನಿಗೆ ಒಡೆಯರಿರಲಿಲ್ಲ. ಅವನು ರಾಮಾಯಣದಿಂದ ಹೊರಬಿದ್ದು ಊರಿನ ಬಾಯಲ್ಲೆಲ್ಲ ಬೆಳೆದ, ಗಾದೆಯಾದ, ಬೈಗುಳಾದ, ಜಾತಿಯ ಹೆಸರಾದ. ಅವನನ್ನು ಬೆಳೆಸಿದವರಿಗೆ ದಕ್ಕಿದ್ದು ಸೇರು ಜೋಳ ಮತ್ತು ನಮ್ಮ ತಾತ್ಸಾರ. ನಗು ಮಾತ್ರ ಬೇಕು, ನಗಿಸಿದವರು ಊರ ಹೊರಗಿರಲಿ ಎಂದವರು ನಾವು.

ರಜೆ ಮುಗಿಯುವ ಮೊದಲು ಒಂದು ರಾತ್ರಿ ಕರೆಂಟು ಹೋಯಿತು. ಟಿ.ವಿ. ಇಲ್ಲದೆ ಮೊಮ್ಮಗ ಚಡಪಡಿಸತೊಡಗಿದ. ನಾನು ಹಳೆಯ ಮದುವೆ ಕರೆಯೋಲೆಯ ರಟ್ಟಿನಲ್ಲಿ ಡೊಳ್ಳು ಹೊಟ್ಟೆಯ ಒಬ್ಬನನ್ನು ಕತ್ತರಿಸಿ, ಕೈಕಾಲುಗಳನ್ನು ಬೇರೆಯಾಗಿ ಮಾಡಿ ದಾರ ಪೋಣಿಸಿ ಕಟ್ಟಿದೆ. ಮೇಣದಬತ್ತಿ ಹಚ್ಚಿ ಗೋಡೆಯ ಮೇಲೆ ಅವನ ನೆರಳು ಬೀಳಿಸಿ, ಸೇತುವೆಯ ಗುತ್ತೇದಾರನ ಕಥೆ ಹೇಳಿದೆ. ಹುಡುಗ ಪೆಂಗ್ವಿನ್ ನೋಡಿ ನಕ್ಕ ಹಾಗೆಯೇ ನಕ್ಕ.

"ಇವನ ಹೆಸರೇನು ಅಜ್ಜಿ?"

ಹೇಳಿದೆ. ನಿಧಾನವಾಗಿ, ಒಂದೊಂದೇ ಅಕ್ಷರ ಬಿಡಿಸಿ ಹೇಳಿದೆ. ಅವನು ಎರಡು ಸಲ ತಪ್ಪಿ ಮೂರನೆಯ ಸಲ ಸರಿಯಾಗಿ ಅಂದ.

"ಅದು ಅವನ ಹೆಸರು. ಅವನ್ನ ಆಡಿಸೋ ಮಂದಿಯ ಹೆಸರೂ ಅದೇ. ಯಾರನ್ನೂ ಬಯ್ಯಾಕ ಆ ಹೆಸರು ಬಳಸಬ್ಯಾಡ" ಅಂದೆ.

"ಯಾಕೆ ಬೈತಾರೆ? ಇವನು ಚೆನ್ನಾಗಿದಾನಲ್ಲ" ಅಂದ ಹುಡುಗ. ಆಮೇಲೆ ಗೊಂಬೆಯನ್ನು ನನ್ನ ಕೈಯಿಂದ ತೆಗೆದುಕೊಂಡು, "ಇವನ ಹೆಂಡತೀನೂ ಮಾಡು" ಎಂದ. ಇನ್ನೊಂದು ರಟ್ಟು ಹುಡುಕಲು ನಾನು ಮೇಣದಬತ್ತಿ ಹಿಡಿದು ಎದ್ದೆ.